ಹಗ್ಗದೊಳಗಿನ ಅಲಸಂದೆ

ಅನುಮಾನ ಪಡುವುದಕ್ಕೇ ಸರ್ಕಾರ ನನಗೆ ಸಂಬಳ ಕೊಡುತ್ತದೆ. ಕೃಷಿ ಇಲಾಖೆಯಲ್ಲಿ ಇಪ್ಪತ್ತಾರು ವರ್ಷ ಸವೆಸಿದ ಮೇಲೆ ನಾನು ಕಂಡುಕೊಂಡ ಸತ್ಯ ಇದೊಂದೇ. ನನ್ನ ಹೆಂಡತಿ ಮಾಲತಿ, "ನಿಮ್ಮ ಕಣ್ಣಿಗೆ ದೇವರೂ ಕಳ್ಳನ ಹಾಗೇ ಕಾಣ್ತಾನೆ ಕಣ್ರಿ" ಎಂದು ಹಂಗಿಸುತ್ತಾಳೆ. ಹಂಗಿಸಲಿ. ಚಳ್ಳಕೆರೆ ಸಂತೆಯಲ್ಲಿ ಅರ್ಧ ಕೇಜಿ ಟೊಮೆಟೊ ಕೊಳ್ಳುವಾಗಲೂ ನಾನು ತಕ್ಕಡಿಯ ತಟ್ಟೆಯನ್ನು ಬಗ್ಗಿ ಕೆಳಗಿನಿಂದ ನೋಡುವವನು. ಎರಡು ಸಲ ಅಲ್ಲಿ ಅಯಸ್ಕಾಂತ ಸಿಕ್ಕಿದೆ.

ನನ್ನ ಕೆಲಸ ಏನೆಂದು ಹೇಳಿಬಿಡುತ್ತೇನೆ. ದೇಶದಲ್ಲಿ ಈ ವರ್ಷ ಕಾಳು ಇಷ್ಟು ಲಕ್ಷ ಟನ್ನು ಬೆಳೆಯಿತು ಎಂದು ಪೇಪರಿನಲ್ಲಿ ಬರುತ್ತದಲ್ಲ, ಅದನ್ನು ಯಾರೂ ಹೊಲಹೊಲ ತಿರುಗಿ ತೂಗಿರುವುದಿಲ್ಲ. ಕಂಪ್ಯೂಟರು ಅಲ್ಲೊಂದು ಇಲ್ಲೊಂದು ಸರ್ವೆ ನಂಬರು ಆರಿಸುತ್ತದೆ. ನನ್ನಂಥವನು ಆ ಹೊಲಕ್ಕೆ ಹೋಗಿ ಐದು ಮೀಟರ್ ಉದ್ದ, ಐದು ಮೀಟರ್ ಅಗಲದ ಚೌಕ ಅಳೆದು, ನಾಲ್ಕು ಗೂಟ ಹೊಡೆದು, ಸುತ್ತ ಹಗ್ಗ ಕಟ್ಟುತ್ತಾನೆ. ಹಗ್ಗದೊಳಗೆ ಬಂದ ಕಾಳನ್ನಷ್ಟೇ ತೂಗುತ್ತಾನೆ. ಇಲಾಖೆಯ ಭಾಷೆಯಲ್ಲಿ ಇದಕ್ಕೆ ಬೆಳೆ ಕಟಾವು ಪ್ರಯೋಗ ಎಂದು ಹೆಸರು. ಆ ತೂಕ ಚಿತ್ರದುರ್ಗ, ಬೆಂಗಳೂರು ದಾಟಿ ದಿಲ್ಲಿ ಮುಟ್ಟುವಷ್ಟರಲ್ಲಿ ಹಿಗ್ಗಿ ಹಿಗ್ಗಿ ಟನ್ನುಗಟ್ಟಲೆ ಆಗಿರುತ್ತದೆ. ಕಾಳು ಕಡಿಮೆ ಎಂದು ಕಂಡರೆ ಬರ್ಮಾದಿಂದಲೋ ಆಫ್ರಿಕಾದಿಂದಲೋ ಹಡಗು ತರಿಸುತ್ತಾರೆ. ಸಾಕಷ್ಟಿದೆ ಎಂದರೆ ಸುಮ್ಮನಿರುತ್ತಾರೆ. ಹಗ್ಗದೊಳಗಿನ ಒಂದು ಹಿಡಿ ಕಾಳು ಆಚೀಚೆಯಾದರೆ ಯಾರ್ಯಾರಿಗೆ ಲಾಭ, ಯಾರ್ಯಾರಿಗೆ ನಷ್ಟ ಎಂದು ನೀವೇ ಯೋಚಿಸಿ. ಹೀಗಿರುವಾಗ ನಾನು ಯಾರನ್ನಾದರೂ ನಂಬುವುದು ಹೇಗೆ?

ಈ ಸಲ ಕಂಪ್ಯೂಟರು ಆರಿಸಿದ್ದು ನನ್ನಿವಾಳದ ಆಚೆಯ ಒಂದು ಹಟ್ಟಿಯ ಅಲಸಂದೆ ಹೊಲ. ಪಹಣಿ ಪಾತಮ್ಮ ಎಂಬ ಎಪ್ಪತ್ತು ದಾಟಿದ ಹೆಂಗಸಿನ ಹೆಸರಲ್ಲಿತ್ತು. ಉಳುವವನು ಆಕೆಯ ಮಗ ಚಂದ್ರಣ್ಣ. ಹಿಂದೆ ದನ ಮೇಯಿಸಿಕೊಂಡು ಊರೂರು ತಿರುಗಿದ ಮನೆತನ. ಈಗ ನಲವತ್ತು ಕುರಿ, ನಾಲ್ಕು ಎಕರೆ ಕೆಂಪು ನೆಲ. ಅಲಸಂದೆ ಒಂದೇ ಸಲಕ್ಕೆ ಒಣಗುವ ಬೆಳೆಯಲ್ಲ. ಒಣಗಿದ ಕಾಯನ್ನು ಮೂರು ಸಲವಾದರೂ ಬಿಡಿಸಬೇಕು. ಅದಕ್ಕೇ ಮೊದಲ ಕಾಯಿ ಬಿಡಿಸುವ ಒಂಬತ್ತು ದಿನ ಮುಂಚೆಯೇ ಹೋಗಿ ಗೂಟ ಹೊಡೆದೆ. ದೂರಕ್ಕೂ ಕಾಣಲೆಂದು ನಾಲ್ಕೂ ಗೂಟಕ್ಕೆ ಕೆಂಪು ಬಟ್ಟೆ ಕಟ್ಟಿದೆ. ಅದು ನಿಯಮದಲ್ಲಿಲ್ಲ, ನನ್ನ ಸ್ವಂತ ಬುದ್ಧಿ.

ಚಂದ್ರಣ್ಣ ಹಗ್ಗದ ತುದಿ ಹಿಡಿದುಕೊಂಡು ನಗುತ್ತಾ ಕೇಳಿದ. "ಕಮ್ಮಿ ಬಂತು ಅಂತ ಬರಕೊಂಡ್ರೆ ದರ ಏರ್ತೈತೆ ಅಲ್ವಾ ಸಾರ್? ಜಾಸ್ತಿ ಅಂದ್ರೆ ಮಂಡಿಯೋರು ನಮ್ಮನ್ನ ಮೂಸೂ ನೋಡಲ್ಲ."

"ಬಂದಷ್ಟು ಬರೀತೀನಿ" ಎಂದೆ. ಮನಸ್ಸಿನಲ್ಲಿ ಅವನ ಹೆಸರಿನ ಮುಂದೆ ಒಂದು ಗುರುತು ಹಾಕಿಕೊಂಡೆ. ಆಮೇಲೆ ಎಲ್ಲರಿಗೂ ಕೇಳುವಂತೆ ಗಂಟಲು ಏರಿಸಿದೆ. "ನೋಡ್ರಿ, ಮನುಷ್ಯರಿರಲಿ, ಕುರಿಯಿರಲಿ, ಈ ಹಗ್ಗದೊಳಗೆ ಕಾಲಿಡೋ ಹಾಗಿಲ್ಲ!"

ಬದುವಿನ ಮೇಲೆ ನಿಂತಿದ್ದ ಪಾತಮ್ಮ ಮೊದಲ ಬಾರಿಗೆ ಬಾಯಿ ತೆರೆದಳು. "ಯಾರೂ ಮುಟ್ಟಂಗಿಲ್ವಾ ಸ್ವಾಮಿ?"

"ಯಾರೂ ಮುಟ್ಟೋ ಹಾಗಿಲ್ಲ."

ಆಕೆ ಕಾಲಿನ ಚಪ್ಪಲಿ ಬಿಟ್ಟು, ಸೆರಗು ತಲೆಯ ಮೇಲೆ ಎಳೆದುಕೊಂಡು, ಹಗ್ಗದ ಕಡೆಗೆ ಕೈ ಮುಗಿದಳು. ಸರ್ಕಾರದ ಮೇಲೆ ಇಷ್ಟೊಂದು ಗೌರವ ಇಟ್ಟುಕೊಂಡವರು ಇನ್ನೂ ಇದ್ದಾರಲ್ಲ ಎಂದು ನನಗೆ ಖುಷಿಯೇ ಆಯಿತು.

ಕಾಯಿ ಬಿಡಿಸುವ ಹಿಂದಿನ ಸಂಜೆ ರಾಂಪುರದ ಕಾಳಿನ ವ್ಯಾಪಾರಿ ದುರುಗೇಶ್ ಫೋನ್ ಮಾಡಿದ. ಅವನ ಗೋಡೌನಿನಲ್ಲಿ ಹೋದ ವರ್ಷದ ಅಲಸಂದೆ ಅಟ್ಟದವರೆಗೂ ತುಂಬಿದೆ ಎಂಬುದು ಎಲ್ಲರಿಗೂ ಗೊತ್ತು. ದರ ಏರಲಿ ಎಂದು ಕಾಯುತ್ತಾ ಕೂತ ಮನುಷ್ಯ.

"ನನ್ನಿವಾಳ ಕಡೆ ಅಲಸಂದೆ ಕಮ್ಮಿ ಅಂತಾರಲ್ಲ ಸಾರ್, ನಿಜಾನಾ?"

"ಯಾರಂದ್ರು?"

"ಅಯ್ಯೋ, ಹಂಗೇ ಮಾತು. ನೀವು ಬರೀರಿ, ಆಮೇಲೆ ನೋಡಾನ."

ಇನ್ನೂ ಬಿಡಿಸದ ಕಾಯಿ ಕಡಿಮೆ ಎಂದು ಇವನಿಗೆ ಯಾರು ಹೇಳಿದರು? ಫೋನ್ ಇಟ್ಟ ಮೇಲೆ ಇದೇ ಮಾತು ತಲೆಯಲ್ಲಿ ಕೊರೆಯತೊಡಗಿತು.

ಮರುದಿನ ಬೆಳಿಗ್ಗೆ ಹೊಲಕ್ಕೆ ಹೋಗಿ ನೋಡುತ್ತೇನೆ, ನನ್ನ ಅನುಮಾನ ಅಲ್ಲಿ ನನಗಿಂತ ಮುಂಚೆ ಬಂದು ನಿಂತಿತ್ತು. ಗೂಟ ಅಲುಗಿಲ್ಲ, ಹಗ್ಗ ಸಡಿಲವಾಗಿಲ್ಲ. ಆದರೆ ಚೌಕದ ನಡುಮಧ್ಯದ ಗಿಡಗಳಲ್ಲಿ ಬರೀ ತೊಟ್ಟು. ಹಗ್ಗದ ಹೊರಗೆ ಒಣಗಿದ ಕಾಯಿ ಗೊಂಚಲುಗೊಂಚಲಾಗಿ ತೂಗುತ್ತಿವೆ, ಒಳಗೆ ಯಾರೋ ಆರಿಸಿ ಆರಿಸಿ ಒಳ್ಳೆಯ ಕಾಯನ್ನೇ ಕಿತ್ತಿದ್ದಾರೆ. ಕುರಿ ನುಗ್ಗಿದ್ದರೆ ಎಲೆ ಹರಿದಿರಬೇಕು, ಒಂದೆಲೆಯೂ ಹರಿದಿರಲಿಲ್ಲ. ಗೂಟ ಹೊಡೆದ ದಿನ ತೆಗೆದ ಫೋಟೊ ಮೊಬೈಲಿನಲ್ಲಿತ್ತು. ಹೋಲಿಸಿ ನೋಡಿದೆ. ಸಂಶಯಕ್ಕೆ ಜಾಗವೇ ಇಲ್ಲ.

ಉಳಿದ ಕಾಯಿ ಬಿಡಿಸಿ, ಸುಲಿದು, ತೂಗಿದರೆ ಇನ್ನೂರ ತೊಂಬತ್ತು ಗ್ರಾಂ. ಅಕ್ಕಪಕ್ಕದ ಹೊಲದ ಅಂದಾಜಿಗೆ ಅರ್ಧವೂ ಇಲ್ಲ.

"ಚಂದ್ರಣ್ಣ, ಎಷ್ಟು ಕೊಟ್ಟ ದುರುಗೇಶ?" ಎಂದು ನೇರವಾಗಿ ಕೇಳಿದೆ.

ಅವನ ಮುಖ ಕೆಂಡವಾಯಿತು. "ಏನ್ ಮಾತಾಡ್ತೀರಿ ಸಾರ್? ನಾನು ಈ ಹಗ್ಗದ ಹತ್ರಾನೂ ಸುಳಿದಿಲ್ಲ. ಆಣೆ ಇಡ್ಲಾ?"

"ಆಣೆ ಕೇಳಿ ಕೇಳಿ ನನ್ನ ಕಿವಿ ತೂತು ಬಿದ್ದಿವೆ. ಕಮ್ಮಿ ಬಂದ್ರೆ ದರ ಏರ್ತೈತೆ ಅಂದೋನು ನೀನೇ ತಾನೆ?"

"ಅಂದೆ! ಅಂದೋರೆಲ್ಲ ಕಳ್ಳರಾ? ದುರುಗೇಶಣ್ಣ ನಿಮಗೂ ಫೋನ್ ಮಾಡ್ತಾನಂತೆ, ನಮಗೆ ಗೊತ್ತಿಲ್ವಾ? ನೀವೇ ಯಾಕೆ ಕಿತ್ತಿರಬಾರ್ದು?"

ನನ್ನನ್ನು! ನನ್ನ ಮೈಯೆಲ್ಲ ಉರಿದುಹೋಯಿತು. ಪಾತಮ್ಮ ಅಲ್ಲೇ ನೀರಿನ ಚೊಂಬು ಹಿಡಿದು ನಿಂತಿದ್ದಳು. ಮಗನ ಪರವಾಗಿ ಒಂದು ಮಾತು ಆಡಲಿಲ್ಲ, ನನ್ನ ಕಣ್ಣಿಗೆ ಕಣ್ಣು ಕೊಡಲಿಲ್ಲ. ಹೆತ್ತ ತಾಯಿಯೇ ಸುಮ್ಮನಿದ್ದಾಳೆ ಎಂದರೆ ಇನ್ನೇನು ಸಾಕ್ಷಿ ಬೇಕು ಎಂದುಕೊಂಡೆ.

"ನಾಳೆ ಹತ್ತು ಗಂಟೆ ತನಕ ಟೈಮು" ಎಂದೆ. "ಚಳ್ಳಕೆರೆ ಆಫೀಸಿಗೆ ಬಂದು ನಿಜ ಹೇಳಿದ್ರೆ ಸರಿ. ಇಲ್ಲ ಅಂದ್ರೆ ಪೊಲೀಸ್ ಕಂಪ್ಲೇಂಟು. ಸರ್ಕಾರದ ಪ್ರಯೋಗಕ್ಕೆ ಮೋಸ ಮಾಡಿದ ಕೇಸು ಸಣ್ಣದಲ್ಲ ಕಣಪ್ಪ, ಒಳಗೆ ಹೋಗ್ತೀಯಾ."

ಚಂದ್ರಣ್ಣ ತಲೆಯ ಟವೆಲ್ ಕಿತ್ತು ನೆಲಕ್ಕೆ ಬೀಸಿ ಹೊರಟುಹೋದ. ನಾನು ಬೈಕ್ ಹತ್ತಿದೆ. ದಾರಿಯುದ್ದಕ್ಕೂ ದೂರಿನ ವಾಕ್ಯಗಳನ್ನು ಮನಸ್ಸಿನಲ್ಲೇ ಜೋಡಿಸಿದೆ. ಸಂಜೆಯೇ ಕೂತು ಎರಡು ಪುಟ ಬರೆದೆ. ಚೆನ್ನಾಗಿ ಬಂದಿತ್ತು. ಮಾಲತಿಗೆ ಓದಿ ಹೇಳಿದಾಗ ಆಕೆ, "ಅವನೇ ಕಿತ್ತಿದ್ದು ಅಂತ ನೋಡಿದೋರು ಯಾರು?" ಎಂದಳು. ಹೆಂಗಸರಿಗೆ ಇಲಾಖೆಯ ವಿಷಯ ತಿಳಿಯುವುದಿಲ್ಲ ಎಂದುಕೊಂಡು ದೂರನ್ನು ಮಡಿಸಿ ಆಫೀಸಿನ ಚೀಲದಲ್ಲಿಟ್ಟೆ.

ಮರುದಿನ ಒಂಬತ್ತೂವರೆಗೆ ಆಫೀಸಿನ ಜಗಲಿಯ ಮೇಲೆ ಪಾತಮ್ಮ ಕೂತಿದ್ದಳು. ಒಬ್ಬಳೇ. ಮೊದಲ ಬಸ್ಸಿಗೇ ಬಂದಿರಬೇಕು. ಮಡಿಲಲ್ಲಿ ಹೊಸ ಬಿಳಿ ಬಟ್ಟೆಯ ಗಂಟು.

ಒಳಗೆ ಕರೆದು, "ಮಗ ಎಲ್ಲಿ?" ಎಂದೆ.

"ಅವನಿಗೆ ಹೇಳದೆ ಬಂದೀನಿ ಸ್ವಾಮಿ. ಕಿತ್ತೋಳು ನಾನು."

ಮಗನನ್ನು ಉಳಿಸಲು ತಾಯಿ ತಪ್ಪು ಹೊತ್ತುಕೊಳ್ಳುತ್ತಿದ್ದಾಳೆ ಎಂಬುದೇ ನನ್ನ ಮೊದಲ ಯೋಚನೆ. ನೋಡಿ, ಆಗಲೂ ನಂಬಲಿಲ್ಲ. "ನೀವು ಯಾಕೆ ಕಿತ್ತಿರಿ?" ಎಂದೆ, ಸುಳ್ಳುಗಾರರನ್ನು ಕೇಳುವ ದನಿಯಲ್ಲಿ.

ಆಕೆ ನಿಧಾನವಾಗಿ ಹೇಳಿದಳು. ಅವರ ಹಟ್ಟಿಯಲ್ಲಿ ದೇವರ ಎತ್ತುಗಳಿವೆ. ಯಾರೂ ನೊಗ ಹೂಡದ, ಯಾರೂ ಮಾರದ ಎತ್ತುಗಳು. ಸೂರಪ್ಪ ಎಂಬ ಕಿಲಾರಿ ಅವನ್ನು ಕಾಯುತ್ತಾನೆ. ಹೊಸ ಕಾಳು ಬಂದಾಗ ಪ್ರತಿ ಮನೆಯ ಹಿರಿಯ ಹೆಂಗಸು ಮಿಂದು, ಒದ್ದೆ ಸೀರೆಯಲ್ಲೇ ಹೊಲಕ್ಕೆ ಹೋಗಿ ಮೊದಲ ಕಾಯನ್ನು ಮೀಸಲು ಎಂದು ಕೀಳಬೇಕು. ಅದನ್ನು ಗುಗ್ಗರಿ ಬೇಯಿಸಿ ಸೋಮವಾರ ಆ ಎತ್ತುಗಳಿಗೆ ತಿನ್ನಿಸಬೇಕು. ಅಲ್ಲಿಯವರೆಗೆ ಮನೆಯವರು ಹೊಸ ಕಾಳನ್ನು ಬಾಯಿಗಿಡುವ ಹಾಗಿಲ್ಲ.

"ಮೀಸಲು ಕೀಳೋ ಜಾಗ ಯಾರೂ ತುಳಿದಿರಬಾರ್ದು ಸ್ವಾಮಿ. ಕುರಿ ಬಾಯಿ ತಾಕಿರಬಾರ್ದು. ಈಗಿನ ಕಾಲದಾಗೆ ಅಂಥ ಜಾಗ ಎಲ್ಲೈತೆ? ಪ್ರತಿ ವರ್ಷ ಹುಡುಕಿ ಹುಡುಕಿ ಸಾಕಾಗ್ತಿತ್ತು. ಈ ವರ್ಷ ನೀವೇ ಬಂದು ಅಳೆದು ಹಗ್ಗ ಕಟ್ಟಿದ್ರಿ, ಕೆಂಪು ಬಟ್ಟೆ ಕಟ್ಟಿದ್ರಿ, ಯಾರೂ ಮುಟ್ಟಂಗಿಲ್ಲ ಅಂದ್ರಿ. ಸರ್ಕಾರಕ್ಕೂ ಮೀಸಲು ಗೊತ್ತೈತಲ್ಲಪ್ಪ ಅಂತ ಕೈ ಮುಗಿದೆ."

ನಾನು ಕುರ್ಚಿಯಲ್ಲಿ ಕೂತೆ.

"ಅಲ್ಲವ್ವಾ, ನಿನ್ನೆ ಮಗನಿಗೆ ನಾನು ಅಷ್ಟು ಬೈದಾಗ ಇದನ್ನ ಹೇಳಬಾರದಿತ್ತಾ?"

"ಕಿತ್ತೋಳು ಎತ್ತಿನ ಬಾಯಿಗೆ ಮುಟ್ಟಿಸೋವರೆಗೂ ಅದರ ಮಾತು ಎತ್ತಂಗಿಲ್ಲ. ಮಗನಿಗೂ ಹೇಳಂಗಿಲ್ಲ, ಸೊಸೆಗೂ ಹೇಳಂಗಿಲ್ಲ. ಹೇಳಿದ್ರೆ ಮೀಸಲು ಕೆಟ್ಟಂಗೆ. ಸೋಮವಾರ ಕಳೀಲಿ, ನಾನೇ ಹೋಗಿ ಹೇಳ್ತೀನಿ ಅಂತಿದ್ದೆ. ನೀವು ಹತ್ತು ಗಂಟೆ ಅಂದ್ರಿ. ಮಗನ್ನ ಪೊಲೀಸರು ಎಳಕೊಂಡು ಹೋಗ್ತಾರೆ ಅಂದ್ರಿ. ರಾತ್ರಿಯೆಲ್ಲ ಕಣ್ಣು ಮುಚ್ಚಲಿಲ್ಲ."

ಅಂದು ಗುರುವಾರ. ಸೋಮವಾರಕ್ಕೆ ಇನ್ನು ನಾಲ್ಕೇ ದಿನ. ಲೆಕ್ಕ ತಪ್ಪಿದರೆ ವರದಿ ಕೊಡಲು ನಿಯಮ ನನಗೆ ಏಳು ದಿನ ಕೊಡುತ್ತದೆ. ಹತ್ತು ಗಂಟೆ ಎಂದು ಯಾರೂ ನನಗೆ ಹೇಳಿರಲಿಲ್ಲ. ಅದು ಸಿಟ್ಟಿನಲ್ಲಿ ನನ್ನ ಬಾಯಿಗೆ ಬಂದ ಗಂಟೆ. ನಾಚಿಕೆ ಎಂದರೆ ಏನೆಂದು ನನಗೆ ಅವತ್ತು ಗೊತ್ತಾಯಿತು.

ಪಾತಮ್ಮ ಗಂಟು ಬಿಚ್ಚಿದಳು. ಒಂದು ಮಡಿಲು ಒಣ ಕಾಯಿ. ಒಂದಕ್ಕೂ ಹುಳು ಬಿದ್ದಿಲ್ಲ, ಒಂದೂ ಸೊಟ್ಟಗಿಲ್ಲ. ಅಲ್ಲೇ ನೆಲದ ಮೇಲೆ ಕೂತು ಸುಲಿಯತೊಡಗಿದಳು. ಸಹಾಯ ಮಾಡಲು ನಾನು ಕೈ ಚಾಚಿದೆ, ಅರ್ಧದಲ್ಲೇ ಹಿಂದಕ್ಕೆ ತೆಗೆದುಕೊಂಡೆ. ಆಕೆ ನೋಡಿ, "ಮುಟ್ಟಿ ಸ್ವಾಮಿ. ಬಾಯಿ ಬಿಟ್ಟ ಮೇಲೆ ಇನ್ನೇನೈತೆ?" ಎಂದಳು. ಇಬ್ಬರೂ ಕೂತು ಸುಲಿದೆವು. ಆಫೀಸಿನವರು ಬಂದು ಇಣುಕಿ ಹೋದರು.

ಎಲೆಕ್ಟ್ರಾನಿಕ್ ತಕ್ಕಡಿಯ ಮೇಲೆ ಕಾಳು ಸುರಿದೆ. ಮುನ್ನೂರ ಹತ್ತು ಗ್ರಾಂ. ನಿನ್ನೆಯದೂ ಸೇರಿ ಸರಿಯಾಗಿ ಆರುನೂರು. ಅಕ್ಕಪಕ್ಕದ ಹೊಲಗಳಿಗೆ ತಾಳೆಯಾಗುವ ತೂಕ. ಮೊಬೈಲಿನಲ್ಲಿ ಅಂಕಿ ತುಂಬಿ ಕಳಿಸಿದೆ. ಬರೆದಿಟ್ಟಿದ್ದ ದೂರನ್ನು ಆಕೆಯ ಎದುರಿಗೇ ಹರಿದು ಹಾಕಿದೆ.

"ಈಗ ನನ್ನ ಮಗ ಕಳ್ಳ ಅಲ್ಲ ತಾನೆ?"

"ಅಲ್ಲ. ತಪ್ಪು ನಂದು. ನಾನೇ ಹಟ್ಟಿಗೆ ಬಂದು ಎಲ್ಲರ ಎದುರಿಗೆ ಹೇಳ್ತೀನಿ" ಎಂದೆ. ಬಾಯಿ ತಡೆಯದೆ ಕೇಳಿಯೂಬಿಟ್ಟೆ, "ಅವ್ವಾ, ಹೊಲದಲ್ಲಿ ಇನ್ನೂ ಕಾಯಿ ಐತಲ್ಲ, ಬೇರೆ ಕಿತ್ತು ಎತ್ತುಗಳಿಗೆ ಕೊಡೋಕೆ ಬರಲ್ವಾ?"

"ಎರಡನೇ ಸಲ ಕಿತ್ತಿದ್ದು ಮೊದಲನೇದು ಹೆಂಗಾಗ್ತೈತೆ ಸ್ವಾಮಿ?" ಆಕೆಯ ದನಿಯಲ್ಲಿ ಸಿಟ್ಟಿರಲಿಲ್ಲ. "ಸೊಸೆಯಾಗಿ ಬಂದು ಐವತ್ತೆರಡು ವರ್ಷ. ಒಂದು ವರ್ಷಾನೂ ತಪ್ಪಿಸಿಲ್ಲ. ಈ ಸೋಮವಾರ ಎಲ್ಲರೂ ಗುಗ್ಗರಿ ತರ್ತಾರೆ. ಸೂರಪ್ಪ ನಮ್ಮ ಮನೆ ಹೆಸರು ಕೂಗ್ತಾನೆ. ನಾನು ಬರೀ ಕೈಯಾಗೆ ನಿಂತಿರಬೇಕು."

ಕಾಳನ್ನು ಅದೇ ಬಿಳಿ ಬಟ್ಟೆಯಲ್ಲಿ ಕಟ್ಟಿ ಆಕೆಯ ಮುಂದಿಟ್ಟೆ. ತೂಗಿದ ಕಾಳನ್ನು ಜಮೀನಿನವರಿಗೆ ವಾಪಸ್ ಕೊಟ್ಟು ಹೆಬ್ಬೆಟ್ಟು ಪಡೆಯಬೇಕು, ಅದು ನಿಯಮ. ರಸೀದಿ ಹಾಳೆಯನ್ನೂ ಶಾಯಿಯ ಡಬ್ಬಿಯನ್ನೂ ತೆಗೆದೆ.

ಪಾತಮ್ಮ ಎದ್ದು ನಿಂತಳು. ಗಂಟು ಮುಟ್ಟಲಿಲ್ಲ.

"ದೇವರಿಗೆ ಅಂತ ಕೊಟ್ಟಿದ್ದನ್ನ ವಾಪಸ್ ತಗೊಂಡೆ ಅಂತ ಹೆಬ್ಬೆಟ್ಟು ಒತ್ತಲಾ? ಮಗನ ಜೀವಕ್ಕಾಗಿ ಬಾಯಿ ಬಿಟ್ಟೆ, ಅಷ್ಟೇ ಸಾಕು. ಬಸ್ಸಿಗೆ ಹೊತ್ತಾಯ್ತು, ಬರ್ತೀನಿ ಸ್ವಾಮಿ."

ಆಕೆ ಗೇಟು ದಾಟಿ ರಸ್ತೆಗೆ ಇಳಿಯುವವರೆಗೂ ನೋಡುತ್ತಾ ನಿಂತಿದ್ದೆ. ಹೆಬ್ಬೆಟ್ಟು ಇಲ್ಲದಿದ್ದರೆ ಮೇಲಿನವರು ಒಪ್ಪುವುದಿಲ್ಲ. ಆಕೆಯನ್ನು ಮತ್ತೆ ಕರೆಸು, ಕಾಳು ಯಾಕೆ ಬೇಡವೆಂದಳೋ ಬರೆಸಿಕೋ ಎನ್ನುತ್ತಾರೆ. ಆಕೆ ಅದೆಲ್ಲವನ್ನೂ ಇನ್ನೊಬ್ಬನ ಮುಂದೆ ಇನ್ನೊಮ್ಮೆ ಹೇಳಬೇಕು. ಒಳಗೆ ಬಂದು ಬಾಗಿಲು ಮುಂದೆ ಮಾಡಿದೆ. "ಪಡೆದುಕೊಂಡವರು: ಪಾತಮ್ಮ" ಎಂದು ಬರೆದಿದ್ದ ಜಾಗದಲ್ಲಿ ನನ್ನ ಎಡಗೈಯ ಹೆಬ್ಬೆಟ್ಟನ್ನು ಒತ್ತಿದೆ.