ಎರಡು ಮನೆಯ ಬಟ್ಟೆ

ನನ್ನ ಹೊಲಿಗೆ ಅಂಗಡಿಯ ಒಂದು ಮೂಲೆಗೆ ಪರದೆ ಕಟ್ಟಿದ್ದೇನೆ. ಗಿರಾಕಿಗಳು ಹೊಸ ಬಟ್ಟೆ ತೊಟ್ಟು ನೋಡಿಕೊಳ್ಳುವ ಜಾಗ ಅದು. ಎಂಟು ತಿಂಗಳಿಂದ ಪ್ರತಿ ಶನಿವಾರ, ಭಾನುವಾರ ನನ್ನ ಆರು ವರ್ಷದ ಮೊಮ್ಮಗಳು, ನಾವೆಲ್ಲ ಚುಕ್ಕಿ ಎಂದು ಕರೆಯುವವಳು, ಅದರ ಹಿಂದೆ ಹೋಗಿ ಒಂದು ಮನೆಯ ಬಟ್ಟೆ ಕಳಚಿ ಇನ್ನೊಂದು ಮನೆಯದ್ದನ್ನು ಹಾಕಿಕೊಂಡು ಬರುತ್ತಿದ್ದಳು.

ಮಗಳು, ಅಳಿಯ ಬೇರೆಯಾದಾಗ ಕೋರ್ಟು ಹೇಳಿತ್ತು: ಮಗು ತಾಯಿಯ ಬಳಿ ಇರಲಿ; ಶನಿವಾರ ಬೆಳಿಗ್ಗೆ ಹತ್ತರಿಂದ ಭಾನುವಾರ ಸಂಜೆ ಆರರವರೆಗೆ ತಂದೆಯ ಬಳಿ; ಒಪ್ಪಿಸುವುದು, ಕರೆದೊಯ್ಯುವುದು ಅಜ್ಜನ ಅಂಗಡಿಯಲ್ಲಿ. ನನ್ನ ಓದು ಮೂರನೇ ಕ್ಲಾಸಿಗೇ ಮುಗಿದಿತ್ತು. ಅದಕ್ಕೇ ವಕೀಲರಿಂದ ಆ ಕಾಗದವನ್ನು ಎರಡು ಸಲ ಓದಿಸಿ ಕೇಳಿದೆ. ಕೇಳಿದ್ದು ನನಗೆ ಮರೆಯುವುದಿಲ್ಲ.

ಎರಡನೇ ವಾರವೇ ಒಂದು ಸ್ವೆಟರ್ ಅಪ್ಪನ ಮನೆಯಲ್ಲಿ ಉಳಿಯಿತು. ಮಗಳು ಫೋನಿನಲ್ಲಿ ಕೂಗಾಡಿದಳು. "ನಿನ್ನ ಚಿಂದಿ ಯಾರಿಗ್ ಬೇಕು?" ಎಂದ ಅಳಿಯ. ಅಂದಿನಿಂದ ಆ ಮನೆಯದು ಆ ಮನೆಗೆ, ಈ ಮನೆಯದು ಈ ಮನೆಗೆ. ತಲೆಯ ರಿಬ್ಬನ್ ಕೂಡ. ಭಾನುವಾರ ಅಳಿಯ ಮೆಟ್ಟಿಲ ಮೇಲೆ ಕಾದು ನಿಂತು, ಬಿಚ್ಚಿದ ಬಟ್ಟೆಯನ್ನು ಚೀಲಕ್ಕೆ ತುಂಬಿಕೊಂಡೇ ಹೋಗುತ್ತಿದ್ದ. ನಾನು ಮಿಷನ್ ತುಳಿಯುತ್ತಾ ಬಾಯಿ ಮುಚ್ಚಿಕೊಂಡಿದ್ದೆ. ಇಬ್ಬರೂ ತಣ್ಣಗಾಗಲಿ ಎಂದು ಕಾದೆ. ತಪ್ಪು ನನ್ನದೂ ಇದೆ.

ಕಳೆದ ಭಾನುವಾರ ಪರದೆಯ ಹಿಂದೆ ಹೋದ ಚುಕ್ಕಿ ಎಷ್ಟು ಹೊತ್ತಾದರೂ ಬರಲಿಲ್ಲ. ಇಣುಕಿದೆ. ಅಪ್ಪನ ಮನೆಯ ಹಳದಿ ಫ್ರಾಕನ್ನು ಅರ್ಧ ಬಿಚ್ಚಿ ಕುಳಿತಿದ್ದಳು. ಬಲ ಮುಷ್ಟಿ ಬಿಗಿಯಾಗಿತ್ತು.

"ಏನೇ ಅದು?"

ಕಿವಿಯ ಹತ್ತಿರ ಬಂದು ಪಿಸುಗುಟ್ಟಿದಳು. "ಹಲ್ಲು ಬಿತ್ತು ಅಜ್ಜ. ಅಪ್ಪನ ಮನೇಲಿ ಬಿತ್ತು. ಇದನ್ನೂ ವಾಪಸ್ ಕೊಡ್ಬೇಕಾ?"

ಮೈಯೆಲ್ಲ ಉರಿದುಹೋಯಿತು ನನಗೆ. ಫ್ರಾಕಿನ ಗುಂಡಿಗಳನ್ನು ನಾನೇ ಮತ್ತೆ ಹಾಕಿ, ಅವಳನ್ನು ಎತ್ತಿಕೊಂಡು ಹೊರಗೆ ಬಂದೆ.

"ಇನ್ನೂ ಬದಲಾಯ್ಸಿಲ್ವಾ?" ಎಂದಳು ಕಾಯುತ್ತಿದ್ದ ಮಗಳು.

"ಇನ್ಮೇಲೆ ನನ್ನಂಗಡೀಲಿ ಈ ಮಗು ಬಟ್ಟೆ ಬಿಚ್ಚಲ್ಲ."

"ಅಪ್ಪ, ಕೋರ್ಟ್ ಆರ್ಡರ್ ಇದೆ. ನಿಂಗದೆಲ್ಲ ಅರ್ಥ ಆಗಲ್ಲ, ಸುಮ್ನಿರು."

"ಆಗುತ್ತೆ ಕಣೇ! ದಿನ ಬರ್ದಿದೆ, ಹೊತ್ತು ಬರ್ದಿದೆ, ಜಾಗ ಬರ್ದಿದೆ. ದೊಡ್ಡ ರಜೇಲಿ ಅರ್ಧರ್ಧ ಅಂತ ಬರ್ದಿದೆ. ಮಗೂಗೆ ಯಾವುದು ಒಳ್ಳೇದೋ ಅದನ್ನ ಮೊದಲು ನೋಡಿ ಅಂತ ಬರ್ದಿದೆ. ಚಡ್ಡಿ, ರಿಬ್ಬನ್ನು ಎಲ್ಲಿ ಬರ್ದಿದೆ? ಡಿಗ್ರಿ ಮಾಡಿದೋಳಲ್ವಾ, ಓದಿ ತೋರ್ಸು!"

ಮೆಟ್ಟಿಲ ಮೇಲಿದ್ದ ಅಳಿಯ ಮುಸಿಮುಸಿ ನಕ್ಕ. "ಸರಿಯಾಗ್ ಹೇಳಿದ್ರಿ ಮಾವ."

"ನೀವೇನ್ರೀ ನಗೋದು? ಚೀಲ ಹಿಡ್ಕೊಂಡು ನಿಂತಿದೀರಲ್ಲ, ಲಾಂಡ್ರಿ ಅನ್ಕೊಂಡ್ರಾ ಇದನ್ನ? ಬಿದ್ದ ಹಲ್ಲನ್ನ ಯಾವ ಮನೇಗೆ ಕೊಡ್ಲಿ ಅಂತ ಕೇಳ್ತಿದಾಳೆ ನಿಮ್ಮ ಮಗಳು! ಹೇಳಿ, ಇಬ್ರಲ್ಲಿ ಯಾರದ್ದು ಈ ಹಲ್ಲು?"

ಇಬ್ಬರೂ ಆ ಪುಟ್ಟ ಮುಷ್ಟಿಯನ್ನು ನೋಡಿದರು.

"ಇದೇ ಆಟ ಆಡೋದಾದ್ರೆ ಬೇರೆ ಜಾಗ ಹುಡುಕ್ಕೊಳ್ಳಿ. ಯಾಕೆ ಅಂತ ಜಡ್ಜ್ ಮುಂದೆ ನಾನೇ ಬಂದು ಹೇಳ್ತೀನಿ."

ಅಳಿಯ ಖಾಲಿ ಚೀಲವನ್ನು ಜೇಬಿಗೆ ತುರುಕಿಕೊಂಡು ಇಳಿದುಹೋದ. ನಾನು ಚುಕ್ಕಿಯನ್ನು ಕೆಳಗಿಳಿಸಿದೆ. ಮಗಳು ನನ್ನ ಮುಖವನ್ನೂ ನೋಡದೆ ಹೊರಟಳು. ಚುಕ್ಕಿ ಮಾತ್ರ ಹೊಸ್ತಿಲಲ್ಲೇ ನಿಂತಳು.

"ಅಮ್ಮ, ಇದ್ರಲ್ಲೇ ಬರ್ಲಾ?"

ಮಗಳು ತಿರುಗಿ ಹಳದಿ ಫ್ರಾಕನ್ನು ನೋಡಿದಳು.

"ಬಾ," ಎಂದಳು ಕೊನೆಗೆ.

ಆ ಒಂದು ಮಾತಿಗೆ ಎಂಟು ತಿಂಗಳು! ನನ್ನ ಸಿಟ್ಟು ಇನ್ನೂ ಇಳಿದಿಲ್ಲ.