ಸೋಲ್‌ವಿಕ್ ನಿಲ್ದಾಣಕ್ಕೆ ಹಂದಿದೊಡ್ಡಿ ಬಂದದ್ದು

ಸೋಲ್‌ವಿಕ್‌ನಲ್ಲಿ ರೈಲೇನೋ ನಿಲ್ಲುತ್ತಿತ್ತು, ಹಂದಿ ಹತ್ತಿಸಲು ಮಾತ್ರ ಜಾಗವಿರಲಿಲ್ಲ. ದೊಡ್ಡಿಯಿಲ್ಲ, ಇಳಿಜಾರು ಹಲಗೆಯಿಲ್ಲ. ಅಮೆರಿಕದ ಡಕೋಟಾದ ಜುಲೈ ಬಿಸಿಲಲ್ಲಿ ಹದಿನಾಲ್ಕು ಮೈಲಿ ಗಾಡಿ ಹೊಡೆದು ಮುಂದಿನ ನಿಲ್ದಾಣಕ್ಕೇ ಒಯ್ಯಬೇಕು. ರೈತ ಟೊರ್ಗರ್ ಹನ್ನೆರಡು ಹಂದಿ ಒಯ್ದ, ದಾರಿಯಲ್ಲೇ ಮೂರು ಸತ್ತವು. ಹಂದಿಗೆ ಬೆವರಲು ಬಾರದು, ಪಾಪ. ಚಳಿಗಾಲದ ಕಲ್ಲಿದ್ದಲು ಕೊಳ್ಳಲು ಆ ಮೂರರ ಹಣವನ್ನೇ ನಂಬಿಕೊಂಡಿದ್ದ. ಮನೆಯಲ್ಲಿ ಇನ್ನೂ ಇಪ್ಪತ್ತಿದ್ದವು, ಅವಕ್ಕೂ ಅದೇ ದಾರಿ.

ವಾಪಸು ಬರುವಾಗ ನೆರೆಯ ಕ್ನುಟ್ ಕೇಳಿದ, "ಹೆಂಗಾಯ್ತು?"

"ಪರವಾಗಿಲ್ಲ."

ನಾರ್ವೆಯಿಂದ ಬಂದು ಇಲ್ಲಿ ನೆಲೆಸಿದ ನಮ್ಮ ಮಂದಿಯೇ ಹಾಗೆ. ಕಾಲು ಮುರಿದುಕೊಂಡು ಬಿದ್ದಿದ್ದರೂ ಅದೇ ಉತ್ತರ. ನಷ್ಟ ಹೇಳಿಕೊಂಡರೆ ಮಾನ ಹೋದಂತೆ!

ಮರುದಿನ ಕಾಫಿ ಹೊತ್ತಿಗೆ ರೈತರ ಸಂಘದ ಕಾರ್ಯದರ್ಶಿ ಮಾರಿಟ್ ಟೊರ್ಗರ್‌ನ ಮನೆಗೆ ಬಂದಳು.

"ಇಲ್ಲೇ ದೊಡ್ಡಿ ಕಟ್ಟಿಸಿ ಅಂತ ರಾಜ್ಯದ ರೈಲು ಆಯೋಗಕ್ಕೆ ಬರೀತಿದ್ದೀವಿ. ರುಜು ಹಾಕು."

"ತಲೆ ಕೆಟ್ಟಿದೆಯಾ ಮಾರಾಯ್ತಿ? ಹಳಿ ಕಂಪನಿಯದು, ರೈಲು ಕಂಪನಿಯದು. ನಾಳೆ ಗೋಧಿಗೆ ಬೋಗಿನೇ ಕೊಡಲ್ಲ ಅಂದ್ರೆ?"

"ಹಾಗನ್ನೋಕೆ ಬರಲ್ಲ, ಅದಕ್ಕೂ ಕಾನೂನಿದೆ. ಊರಿನ ಸರಕು ಹೊರ್ತೀವಿ ಅಂತ ತಾನೇ ಜಮೀನು ತಗೊಂಡು ಹಳಿ ಹಾಕಿದ್ದು? ಸಾಕಷ್ಟು ಸರಕಿದ್ರೆ, ಸಾಗಿಸೋಕೆ ಅನುಕೂಲ ಮಾಡಿಕೊಡಿ ಅಂತ ಆದೇಶ ಹೊರಡಿಸೋ ಅಧಿಕಾರ ರಾಜ್ಯಕ್ಕಿದೆ. ಸುಮ್ಸುಮ್ನೆ ಹೊರಡಿಸಲ್ಲ, ಪುರಾವೆ ಕೇಳ್ತಾರೆ."

"ಕಂಪನಿಗೆ ಬರೆದಿದ್ವಲ್ಲ?"

"ನಾಲ್ಕು ವರ್ಷ ಬರೆದ್ವಿ. ಬಂದಿದ್ದೇನು, ಹೇಳು?"

ಒಲೆ ಮುಂದಿದ್ದ ಹೆಂಡತಿ ಸಿಗ್ನೆ ತಿರುಗಿದಳು. "ವರ್ಷಕ್ಕೊಂದು ಕಂಪನಿ ಕ್ಯಾಲೆಂಡರು! ಇನ್ನು ಮೊಳೆ ಹೊಡಿಯೋಕೆ ಗೋಡೆ ಉಳಿದಿಲ್ಲ. ಹಾಕ್ರೀ ರುಜು."

ಇಬ್ಬರ ಕಾಟ ತಾಳಲಾರದೆ ಟೊರ್ಗರ್ ರುಜು ಹಾಕಿದ. ಅವನಿಗೆ ನಂಬಿಕೆಯಂತೂ ಇರಲಿಲ್ಲ.

ತಿಂಗಳೊಳಗೆ ಶಾಲೆಯಲ್ಲೇ ವಿಚಾರಣೆ ನಡೆಯಿತು. ಕಂಪನಿಯ ವಕೀಲ ಎದ್ದು ನಿಂತ. "ಇಲ್ಲಿಂದ ಹೋಗುವ ಹಂದಿಗಳೇ ಕಡಿಮೆ. ದಾರಿಯಲ್ಲಿ ಸತ್ತವೆಂದು ಇಂದಿನವರೆಗೆ ಒಬ್ಬರೂ ದೂರಿಲ್ಲ."

ಆಯೋಗದವರು ಜನರತ್ತ ನೋಡಿದರು. "ಹೌದೇನ್ರಪ್ಪಾ?"

ಎಲ್ಲರೂ ತಂತಮ್ಮ ಬೂಟು ನೋಡುತ್ತಾ ಕೂತರು. ಟೊರ್ಗರ್‌ಗೆ ನಾಚಿಕೆಯಿಂದ ಸಾಯುವಂತಾಗಿತ್ತು, ಆದರೂ ಎದ್ದ.

"ನನ್ನವು ಸತ್ವು ಸ್ವಾಮಿ. ಜುಲೈ ಹನ್ನೊಂದಕ್ಕೆ, ಮೂರು. ಕ್ನುಟ್ ಕೇಳ್ದಾಗ ಸುಳ್ಳು ಹೇಳ್ದೆ."

ಹಿಂದಿನ ಬೆಂಚಿನಿಂದ ಕ್ನುಟ್ ಎದ್ದ. "ನನ್ನವು ಐದು. ನಾನೂ ಯಾರಿಗೂ ಹೇಳಿರ್ಲಿಲ್ಲ."

ಮತ್ತೊಬ್ಬ ಎದ್ದ, ಮಗದೊಬ್ಬ ಎದ್ದ. ಮಧ್ಯಾಹ್ನದ ಹೊತ್ತಿಗೆ ಗುಮಾಸ್ತ ನಲವತ್ತೊಂದು ಹಂದಿ ಬರೆದುಕೊಂಡಿದ್ದ. ಒಂದೇ ದಾರಿಯಲ್ಲಿ ಓಡಾಡುವ ಜನಕ್ಕೆ ಆ ಲೆಕ್ಕ ಅಂದೇ ಗೊತ್ತಾದದ್ದು.

ಆದೇಶ ಬಂತು: ದೊಡ್ಡಿ, ಇಳಿಜಾರು ಹಲಗೆ, ನೀರಿನ ತೊಟ್ಟಿ. ಸೆಪ್ಟೆಂಬರಿನಲ್ಲಿ ಟೊರ್ಗರ್‌ನ ಇಪ್ಪತ್ತಕ್ಕೆ ಇಪ್ಪತ್ತೂ ಹಂದಿಗಳು ಕಿರುಚಾಡುತ್ತಾ ಸೋಲ್‌ವಿಕ್‌ನಲ್ಲೇ ಬೋಗಿ ಹತ್ತಿದವು.

ನಿಮ್ಮ ನಿಲ್ದಾಣದಲ್ಲೂ ಸರಕು ಹತ್ತಿಸಲು ಅನುಕೂಲವಿಲ್ಲವೇ? ಆಯೋಗಕ್ಕೆ ಬರೆಯಿರಿ. ಯಾವ ದಿನ, ಯಾವ ಸರಕು, ಎಷ್ಟು ಹಾಳಾಯಿತು, ಎಲ್ಲವನ್ನೂ ಬರೆಯಿರಿ. ವಿಚಾರಣೆಗೆ ನೀವೇ ಹೋಗಿ. ನೀವು ಬಾಯಿ ಬಿಡದಿದ್ದರೆ ಕಂಪನಿಯ ವಕೀಲನೇ ನಿಮ್ಮ ಪರವಾಗಿ ಹೇಳುತ್ತಾನೆ, ಊರಿಗೆ ಊರೇ ಸುಖವಾಗಿದೆ ಎಂದು.