ಬಿಳಿಚಿದ ಕಲ್ಲು

ನನಗೆ ಕೋಪ ಮೂಗಿನ ತುದಿಯಲ್ಲೇ ಇರುತ್ತದೆ, ಅದು ಎಲ್ಲರಿಗೂ ಗೊತ್ತು. ನಾನು ಪುಕ್ಕಲಿ ಅನ್ನುವುದು ಮಾತ್ರ ಯಾರಿಗೂ ಗೊತ್ತಿರಲಿಲ್ಲ. ಮೂರು ಪೆಟ್ಟಿಗೆ ಕಲ್ಲು ಅದನ್ನು ಬಯಲಿಗೆ ತಂದವು.

ನಮ್ಮದು ತಾಮ್ರದ ಅದಿರು ಹುಡುಕುವ ಕೆಲಸ. ಕೊರೆಯುವ ಯಂತ್ರ ನೆಲದಾಳದಿಂದ ದುಂಡನೆಯ ಕೋಲಿನಂಥ ಕಲ್ಲನ್ನು ತೆಗೆಯುತ್ತದೆ. ಯಂತ್ರ ನಡೆಸುವ ಮಾಮ ಆ ತುಂಡುಗಳನ್ನು ಮೇಲಿನದು ಮೊದಲು, ಕೆಳಗಿನದು ಆಮೇಲೆ ಎಂದು ಉದ್ದನೆಯ ಪೆಟ್ಟಿಗೆಗಳಲ್ಲಿ ಜೋಡಿಸಿ, ಆಳ ಎಷ್ಟು ಮೀಟರ್ ಎಂದು ಬರೆದ ಮರದ ಚೂರುಗಳನ್ನು ನಡುನಡುವೆ ಇಟ್ಟು ಶೆಡ್ಡಿಗೆ ಕಳಿಸುತ್ತಾರೆ. ಶೆಡ್ಡಿನಲ್ಲಿ ಕೂತು ಆ ಕಲ್ಲನ್ನು ಓದುವ ಭೂವಿಜ್ಞಾನಿ ನಾನು. ಮಾಮ ನನಗೇನೂ ಸಂಬಂಧವಲ್ಲ. ಮೂವತ್ತು ವರ್ಷ ನೆಲ ಕೊರೆದವರನ್ನು ಎಲ್ಲರೂ ಹಾಗೇ ಕರೆಯುತ್ತಾರೆ.

ಪೆಟ್ಟಿಗೆ ಬಂದರೆ ಮೊದಲು ಫೋಟೋ, ಆಮೇಲೆ ಎತ್ತುವುದು, ಅದೂ ಇಬ್ಬರು ಸೇರಿ ಒಂದೊಂದಾಗಿ. ಇದು ನಿಯಮ. ಅವತ್ತು ಊಟಕ್ಕೆ ಹೋದ ಜೊತೆಗಾತಿ ಎಷ್ಟು ಹೊತ್ತಾದರೂ ಬರಲಿಲ್ಲ. ಇವಳಿಗೆ ಕಾಯುತ್ತಾ ಕೂತರೆ ಆಯ್ತು ನನ್ನ ಕತೆ ಎಂದು ಗೊಣಗುತ್ತಾ ಮೂರು ಪೆಟ್ಟಿಗೆಗಳನ್ನು ತಳ್ಳುಗಾಡಿಯ ಮೇಲೆ ಪೇರಿಸಿದೆ. ಹೊಸ್ತಿಲಿಗೆ ಚಕ್ರ ತಾಕಿತು. ಹದಿನೈದು ಮೀಟರ್ ಕಲ್ಲು ಸಿಮೆಂಟ್ ನೆಲದ ಮೇಲೆ ಚೆಲ್ಲಾಪಿಲ್ಲಿ, ಮರದ ಚೂರುಗಳೆಲ್ಲ ಬೆಂಚಿನಡಿ. ಫೋಟೋ ಇನ್ನೂ ತೆಗೆದಿರಲಿಲ್ಲ.

ಆಗಲೇ ಹೇಳಿದ್ದರೆ ನಾಲ್ಕು ಬೈಗುಳಕ್ಕೆ ಮುಗಿಯುತ್ತಿತ್ತು. ಜೊತೆಗಾತಿ ಬರುವಷ್ಟರಲ್ಲಿ ನಾನು ಮಂಡಿಯೂರಿ, ಎಲ್ಲವನ್ನೂ ಅಂದಾಜಿನ ಮೇಲೆ ಜೋಡಿಸಿ, ಏನೂ ಆಗೇ ಇಲ್ಲವೆಂಬಂತೆ ಕೈ ಒರೆಸಿಕೊಂಡೆ. ತಾಮ್ರದ ಎಳೆಯಿದ್ದ ತುಂಡು ಎಪ್ಪತ್ತೆಂಟನೇ ಮೀಟರಿನಲ್ಲಿ ಕೂತಿತು.

ಅದು ತಪ್ಪು ಜಾಗವೆಂದು ಮರುದಿನವೇ ಕಂಡಿತು. ತಾಮ್ರ ಬರುವುದು ಆಳದ ಬಿಸಿನೀರಿನಿಂದ. ಆ ನೀರು ಲೋಹವನ್ನು ಕರಗಿಸಿಕೊಂಡು ಬಂಡೆಯ ಬಿರುಕುಗಳಲ್ಲಿ ಮೇಲೇರುತ್ತದೆ, ತಣ್ಣಗಾಗುತ್ತಾ ಹೊತ್ತು ತಂದದ್ದನ್ನು ಅಲ್ಲೇ ಇಳಿಸುತ್ತದೆ. ಇಳಿಸುವಾಗ ಅಕ್ಕಪಕ್ಕದ ಕಪ್ಪು ಬಂಡೆಯನ್ನೂ ಬೇಯಿಸಿ ಬಿಳಿಚಿಸುತ್ತದೆ. ಹಾಗಾಗಿ ನಮ್ಮ ಗುಡ್ಡದಲ್ಲಿ ತಾಮ್ರದ ಎರಡೂ ಬದಿಗೆ ಬಿಳಿಚಿದ ಕಲ್ಲು ಇರಲೇಬೇಕು. ನನ್ನ ಪೆಟ್ಟಿಗೆಯಲ್ಲಿ ತಾಮ್ರದ ಪಕ್ಕ ಕಡುಗಪ್ಪು ಕಲ್ಲಿತ್ತು. ಬಿಳಿಚಿದ್ದು ಹನ್ನೊಂದು ಮೀಟರ್ ಕೆಳಗೆ ಒಂಟಿಯಾಗಿ ಬಿದ್ದಿತ್ತು. ಆಗಲಾದರೂ ಬಾಯಿ ಬಿಡಬೇಕಿತ್ತು. ಬದಲಿಗೆ, ಬಿಸಿನೀರು ಎರಡು ಸಲ ಎರಡು ದಾರಿಯಲ್ಲಿ ಬಂದಿರಬೇಕು ಎಂದು ವರದಿಯಲ್ಲಿ ಒಂದಿಡೀ ಪುಟ ಕತೆ ಕಟ್ಟಿದೆ. ಓದಿದ ಸಾಹೇಬರು ಭೇಷ್ ಅಂದರು. ಆ ಭೇಷ್ ನೆನೆದರೆ ಇವತ್ತಿಗೂ ನಾಚಿಕೆಯಿಂದ ಮೈ ಹಿಡಿಯಾಗುತ್ತದೆ.

ನಾನು ಹೇಳಿದ ಆಳವನ್ನೇ ನಂಬಿ, ಅದಕ್ಕೇ ಗುರಿಯಿಟ್ಟು ಪಕ್ಕದಿಂದ ಓರೆಯಾಗಿ ಎರಡನೇ ತೂತು ಕೊರೆದರು. ಏನೂ ಸಿಗಲಿಲ್ಲ. ಸಾಹೇಬರು ಎಲ್ಲರನ್ನೂ ಕರೆಸಿದರು.

"ಮೊದಲನೇ ತೂತಿನ ಆಳಾನೇ ತಪ್ಪಾಗಿರ್ಬೇಕು. ಮರದ ಚೂರು ಇಟ್ಟಿದ್ದು ಯಾರು?"

"ನಾನೇ," ಅಂದರು ಮಾಮ.

ಸಾಹೇಬರು ನನ್ನ ಕಡೆ ತಿರುಗಿದರು. "ಅದಲು ಬದಲು ಆಗಿರಬಹುದಾ?"

"ಇರಬಹುದು ಸಾರ್," ಅಂದೆ.

ಎತ್ತಿಗೆ ಜ್ವರ ಬಂದರೆ ಎಮ್ಮೆಗೆ ಬರೆ ಅನ್ನುತ್ತಾರಲ್ಲ, ಆ ಬರೆ ಎಳೆದದ್ದು ನಾನೇ. ಮಾಮನನ್ನು ಅವತ್ತೇ ಯಂತ್ರದಿಂದ ಇಳಿಸಿದರು. ವಾರ ಮುಗಿದ ಮೇಲೆ ಮನೆಗೆ ಹೋಗಿ ಅಂದರು.

ಕೊನೆಯ ದಿನ ಮಧ್ಯಾಹ್ನ ಮಾಮ ಶೆಡ್ಡಿಗೆ ಬಂದು ತಮ್ಮ ಕೈಗವಸುಗಳನ್ನು ಬೆಂಚಿನ ಮೇಲಿಟ್ಟರು.

"ಬೇಜಾರು ಮಾಡ್ಕೋಬೇಡ ಕಣಮ್ಮ. ನನ್ನಿಂದ ನಿನ್ನ ವರದಿ ಹಾಳಾಯ್ತು."

ಅಯ್ಯೋ, ಭೂಮಿ ಬಾಯಿ ಬಿಡಬಾರದೇ ಅನ್ನಿಸಿತು.

"ನಮ್ಮಪ್ಪಂಗೂ ಇದೇ ವಯಸ್ಸಲ್ಲಿ ಮರೆವು ಶುರುವಾಗಿದ್ದು. ಕೊನೆಕೊನೆಗೆ ನನ್ನನ್ನೇ ಯಾರಪ್ಪಾ ನೀನು ಅಂತಿದ್ರು. ನನಗೂ ಬಂತು ನೋಡು ಅಂತ ಮಗಳಿಗೆ ಫೋನ್ ಮಾಡಿ ಹೇಳ್ದೆ. ಫೋನಲ್ಲೇ ಅತ್ತುಬಿಟ್ಲು. ಕೆಲಸ ಬಿಟ್ಟು ಬಂದು ನನ್ನ ನೋಡ್ಕೋತಾಳಂತೆ."

ನನಗೆ ತಡೆಯಲಾಗಲಿಲ್ಲ. "ಮಾಮ, ನಿಮಗೆ ಯಾವ ಮರೆವೂ ಇಲ್ಲ. ಪೆಟ್ಟಿಗೆ ಬೀಳ್ಸಿದ್ದು ನಾನು."

ತಾಮ್ರದ ತುಂಡನ್ನೂ ಬಿಳಿಚಿದ ತುಂಡನ್ನೂ ತಂದು ಅವರೆದುರು ಮುರಿದ ಅಂಚಿಗೆ ಅಂಚು ಕೂಡಿಸಿದೆ. ಟಕ್ಕೆಂದು ಕೂತವು. ಮಾಮ ಹೆಬ್ಬೆರಳಿನಿಂದ ಆ ಗೆರೆಯನ್ನು ಸವರಿದರು. ಮೂವತ್ತು ವರ್ಷದ ಬೆರಳು, ಅದಕ್ಕೆ ಬೇರೆ ಸಾಕ್ಷಿ ಬೇಕಿರಲಿಲ್ಲ.

"ಸಭೇಲಿ ಇದು ಗೊತ್ತಿತ್ತಾ ನಿಂಗೆ?"

"ಗೊತ್ತಿತ್ತು."

ಅವರು ಕೂಗಾಡಲಿಲ್ಲ. ಕೂಗಾಡಿದ್ದರೆ ಚೆನ್ನಾಗಿತ್ತು. "ಅವತ್ತಿಂದ ದಿನಾ ಬೆಳಗ್ಗೆ ಎದ್ದು ಮೊಮ್ಮಕ್ಕಳ ಹೆಸರು ಹೇಳ್ಕೊಂಡು ನೋಡ್ತಿದ್ದೆ," ಅಂದರು. "ಯಾವ್ದಾದ್ರೂ ಮರೆತಿದೀನಾ ಅಂತ."

"ಸಾಹೇಬ್ರಿಗೆ ಈಗ್ಲೇ ಹೋಗಿ ಹೇಳ್ತೀನಿ ಮಾಮ."

"ಅವ್ರು ಕಾಯ್ಲಿ." ಜೇಬಿನಿಂದ ಫೋನ್ ತೆಗೆದು, ನಂಬರ್ ಒತ್ತಿ ನನ್ನ ಕೈಗೆ ತುರುಕಿದರು. "ಮೊದ್ಲು ಇವಳಿಗೆ ಹೇಳು."

ಅವರ ಮಗಳು ಫೋನ್ ಎತ್ತಿದಳು. ನಾನು ಯಾರೆಂದು ಹೇಳಿದೆ. ಪೆಟ್ಟಿಗೆ ಬಿದ್ದದ್ದು, ಕತೆ ಕಟ್ಟಿದ್ದು, ಇರಬಹುದು ಸಾರ್ ಅಂದದ್ದು, ಒಂದನ್ನೂ ಬಿಡದೆ ಹೇಳಿದೆ. ಬೈಯಲಿ ಎಂದು ಕಾದೆ.

"ಅಂದ್ರೆ ಅಪ್ಪಂಗೆ ಏನೂ ಆಗಿಲ್ವಾ?"

"ಇಲ್ಲ. ಏನೂ ಆಗಿಲ್ಲ."

"ಇನ್ನೊಂದ್ಸಲ ಹೇಳಿ," ಅಂದಳು.

ಮಾಮ ನನ್ನ ಮುಖ ನೋಡಲಾರದೆ ಗೋಡೆಯ ಕಡೆ ತಿರುಗಿ ನಿಂತಿದ್ದರು. ನಾನು ಇನ್ನೊಂದು ಸಲ ಹೇಳಿದೆ.